ಚೆಸ್ ಡೇಟಾಬೇಸ್: ಹಳೆಯದು ಸಾಕಾ, ಹೊಸದೇ ಬೇಕಾ?

1985ರಲ್ಲಿ ಗ್ಯಾರಿ ಕಾಸ್ಪರೋವ್ ಜರ್ಮನಿಯ ಹ್ಯಾಂಬರ್ಗ್‌ನಲ್ಲಿ ಒಟ್ಟಿಗೇ ಎಂಟು ಬಲವಾದ ಆಟಗಾರರ ಎದುರು ಆಡಿ, 3.5–4.5ರಿಂದ ಸೋತರು. 1987ರಲ್ಲಿ ಅದೇ ತಂಡದ ಎದುರು ಮತ್ತೆ ಕೂತು 7–1ರಿಂದ ಗೆದ್ದರು. ಈ ಸಲ ಎದುರಾಳಿಗಳ ಹಳೆಯ ಆಟಗಳನ್ನು ಕಂಪ್ಯೂಟರಿನಲ್ಲಿ ನೋಡಿಕೊಂಡು ಬಂದಿದ್ದರು. ಮಥಿಯಾಸ್ ವ್ಯೂಲೆನ್‌ವೆಬರ್ ಅಟಾರಿ ಎಸ್‌ಟಿ ಕಂಪ್ಯೂಟರಿಗೆ ಬರೆದ ಆ ಪ್ರೋಗ್ರಾಂ ಹೆಸರು ಚೆಸ್‌ಬೇಸ್. ಆಡಿದ ಆಟಗಳನ್ನು ಕೂಡಿಟ್ಟು, ಬೇಕಾದದ್ದನ್ನು ಹುಡುಕಿ ಕೊಡುವ ಇಂಥದ್ದೇ ಚೆಸ್ ಡೇಟಾಬೇಸ್.

ಅಲ್ಲಿಯವರೆಗೆ ಆಟಗಾರರಿಗೆ ಆಧಾರ ಪುಸ್ತಕ. 1966ರಿಂದ ಬೆಲ್‌ಗ್ರೇಡ್‌ನಲ್ಲಿ ಅಚ್ಚಾಗುತ್ತಿದ್ದ 'ಇನ್ಫಾರ್ಮೇಟರ್' ಆಯ್ದ ಆಟಗಳನ್ನು ಕೊಡುತ್ತಿತ್ತು. ವಿವರಣೆಗೆ ಮಾತಿಲ್ಲ, ಬರೀ ಚಿಹ್ನೆಗಳು. ಹಾಗಾಗಿ ಯಾವ ಭಾಷೆಯವರಾದರೂ ಓದಬಹುದಿತ್ತು. ಓಪನಿಂಗ್‌ಗಳಿಗೆ, ಅಂದರೆ ಆಟದ ಆರಂಭದ ನಡೆಗಳಿಗೆ, ಎ00ಯಿಂದ ಇ99ರವರೆಗೆ 500 ಸಂಕೇತಗಳನ್ನು ಕೊಟ್ಟವರೂ ಇನ್ಫಾರ್ಮೇಟರ್‌ನವರೇ. ಇವತ್ತಿನ ಸಾಫ್ಟ್‌ವೇರ್‌ಗಳೂ ಅದನ್ನೇ ಬಳಸುತ್ತವೆ.

ನನ್ನ ಪ್ರಕಾರ ದೊಡ್ಡ ತಿರುವು ಬಂದದ್ದು 1993ರಲ್ಲಿ, ಆಟಗಳನ್ನು ಬರೆದಿಡುವ ಪಿಜಿಎನ್ ಎಂಬ ಫೈಲ್ ರೂಪ ಬಂದಾಗ. ಚೆಸ್‌ಬೇಸ್‌ನ ಫೈಲುಗಳು ಅದರದ್ದೇ ರೂಪದಲ್ಲಿದ್ದವು, ಮೊದಲು ಸಿಬಿಎಫ್, ಆಮೇಲೆ ಸಿಬಿಎಚ್. ಸ್ಟೀವನ್ ಎಡ್ವರ್ಡ್ಸ್ ರೂಪಿಸಿದ ಪಿಜಿಎನ್ ಹಾಗಲ್ಲ, ಸುಮ್ನೆ ಅಕ್ಷರಗಳ ಫೈಲು. ನೋಟ್‌ಪ್ಯಾಡಿನಲ್ಲಿ ತೆರೆದರೂ ಆಟಗಾರರ ಹೆಸರು, ಫಲಿತಾಂಶ, ನಡೆಗಳು ಎಲ್ಲ ಕಾಣುತ್ತವೆ. 1994ರಿಂದ ಮಾರ್ಕ್ ಕ್ರೌಥರ್ ವಾರವಾರವೂ ಹೊಸ ಆಟಗಳನ್ನು ಇಂಟರ್ನೆಟ್ಟಿನಲ್ಲಿ ಹಂಚತೊಡಗಿದರು. ಶೇನ್ ಹಡ್ಸನ್ ಬರೆದ ಸ್ಕಿಡ್ ಎಂಬ ಉಚಿತ ಡೇಟಾಬೇಸ್ ಪ್ರೋಗ್ರಾಂ ಕೂಡ ಬಂತು. ದುಡ್ಡಿಲ್ಲದ ವಿದ್ಯಾರ್ಥಿಗೂ ಗ್ರ್ಯಾಂಡ್‌ಮಾಸ್ಟರ್ ಬಳಿ ಇರುವಂಥ ಸಂಗ್ರಹ ಸಿಕ್ಕಿತು.

ಈಗ ಲಿಚೆಸ್ ಎಂಬ ಉಚಿತ ಚೆಸ್ ಜಾಲತಾಣದಲ್ಲಿ ಸಿಸಿಲಿಯನ್ ನಾಯ್ಡಾರ್ಫ್ ಎಂಬ ಓಪನಿಂಗ್ ತೆರೆಯಿರಿ. ಕಪ್ಪು ಐದನೇ ನಡೆಯಲ್ಲಿ ಎ6 (ಎ6 ಮನೆಗೆ ಪದಾತಿ) ಆಡಿದ ತಕ್ಷಣ ಬಿಳಿಯ ಆರನೇ ನಡೆಗಳು ಸಾಲಾಗಿ ಬರುತ್ತವೆ. ಯಾವುದನ್ನು ಎಷ್ಟು ಸಲ ಆಡಿದ್ದಾರೆ, ಯಾರು ಜಾಸ್ತಿ ಗೆದ್ದಿದ್ದಾರೆ ಎಲ್ಲವೂ ಪಟ್ಟಿಯಲ್ಲಿದೆ. ಬೇಕೆಂದರೆ ಪಕ್ಕದಲ್ಲೇ ಸ್ಟಾಕ್‌ಫಿಶ್ ಎಂಬ ಚೆಸ್ ಆಡುವ ಪ್ರೋಗ್ರಾಂ, ಯಾರ ಸ್ಥಿತಿ ಎಷ್ಟು ಮೇಲು ಎಂದು ಅಂಕ ಕೊಡುತ್ತದೆ. ಸ್ಪರ್ಧೆಗೆ ತಯಾರಾಗುವವರಿಗೆ ಇದು ಬೇಕೇ ಬೇಕು. ಆದರೆ ಕಲಿಯುವ ಮಕ್ಕಳು ಅಂಕ ನೋಡಿ ಮುಂದೆ ಹೋಗುತ್ತಾರೆ, ಪೂರ್ತಿ ಆಟ ನೋಡುವುದೇ ಇಲ್ಲ. ಇದು ನನಗೆ ನಿಜವಾಗಿ ಬೇಸರದ ಸಂಗತಿ. ಆರನೇ ನಡೆ ಯಾಕೆ ಒಳ್ಳೆಯದು ಅನ್ನೋದು ಮೂವತ್ತನೇ ನಡೆಯವರೆಗೆ ಹೋದರೆ ತಾನೇ ತಿಳಿಯೋದು, ಅಲ್ವಾ?

ಹಾಗಾಗಿ ಹಳೆಯ ಸಾಫ್ಟ್‌ವೇರ್ ಇದ್ದವರು ಅದನ್ನು ಎಸೆಯಬೇಕಾಗಿಲ್ಲ. ಆಟ ಹುಡುಕೋದು, ನೋಡೋದು, ಟಿಪ್ಪಣಿ ಬರೆಯೋದು, ಇಷ್ಟಕ್ಕೆ ಹಳೆಯ ಸ್ಕಿಡ್ ಧಾರಾಳವಾಗಿ ಸಾಕು. ಸಿಬಿಎಫ್‌ನಲ್ಲಿ ಟಿಪ್ಪಣಿಗಳಿದ್ದರೆ ಮಾತ್ರ, ಆ ಕಂಪ್ಯೂಟರ್ ಕೆಡುವ ಮುಂಚೆ ಪಿಜಿಎನ್‌ಗೆ ಬದಲಾಯಿಸಿಕೊಳ್ಳಿ. ಹೊಸ ಆಟಗಳ ಚಿಂತೆ ಬೇಡ. ಕ್ರೌಥರ್ ಅವರ ವಾರದ ಫೈಲು ಪಿಜಿಎನ್‌ನಲ್ಲೇ ಸಿಗುತ್ತದೆ, ಹಳೆಯ ಸ್ಕಿಡ್ ಅದನ್ನೂ ಓದುತ್ತದೆ.