ಮರಗೆಣಸಿನ ಕಡ್ಡಿ, ಹೆಬ್ಬಾಳದ ಕಣಜ

ಮರಗೆಣಸಿನ ಕಡ್ಡಿಯನ್ನು ಕತ್ತರಿಸಿದ ಕೂಡಲೇ ತುದಿಯಲ್ಲಿ ಬಿಳಿ ಹಾಲು ಜಿನುಗಬೇಕು. ಜಿನುಗಿದರೆ ಕಡ್ಡಿಗೆ ಜೀವವಿದೆ, ನೆಟ್ಟರೆ ಚಿಗುರುತ್ತದೆ. ಈ ಬೆಳೆಯ ಸೋಲು ಗೆಲುವು ಗೊಬ್ಬರಕ್ಕಿಂತ ಮೊದಲು ಕಡ್ಡಿಯಲ್ಲೇ ತೀರ್ಮಾನವಾಗುತ್ತದೆ ಎಂದು ನಾನು ನಂಬಿದ್ದೇನೆ.

ನಾಟಿ ಕಷ್ಟದ್ದಲ್ಲ. ಬಲಿತ ಕಾಂಡದಿಂದ ಸುಮಾರು 20 ಸೆಂ.ಮೀ. ಉದ್ದದ ತುಂಡುಗಳನ್ನು ಮಾಡಿಕೊಂಡು, ಕಣ್ಣುಗಳು ಮೇಲ್ಮುಖವಾಗಿರುವಂತೆ 90 ಸೆಂ.ಮೀ. ಅಂತರದಲ್ಲಿ ಊರಿದರಾಯಿತು. ನೀರು ಮಾತ್ರ ನಿಲ್ಲಬಾರದು. ನಿಂತರೆ ಗೆಡ್ಡೆ ಕೊಳೆಯುತ್ತದೆ. ಎಂಟು ಹತ್ತು ತಿಂಗಳಿಗೆ ಕೀಳಬಹುದು. ಕಿತ್ತ ಗೆಡ್ಡೆ ಎರಡು ಮೂರು ದಿನಗಳಲ್ಲೇ ಕೆಡುವುದರಿಂದ ಕೊಳ್ಳುವವರನ್ನು ಮೊದಲೇ ಗೊತ್ತುಮಾಡಿಕೊಂಡಿರಬೇಕು.

ಬೀಜದ ಬದಲು ಕಡ್ಡಿ ನೆಡುವ ಬೆಳೆಯಲ್ಲಿ ತಾಯಿಗಿಡದ ರೋಗವೂ ಜೊತೆಗೇ ಹೊಲ ಸೇರುತ್ತದೆ. ಎಲೆಗೆ ಹಳದಿ ಮಚ್ಚೆ ಹತ್ತಿಸಿ ಮುದುಡಿಸುವ ಮೊಸಾಯಿಕ್ ವೈರಸ್ಸನ್ನು ಗಿಡದಿಂದ ಗಿಡಕ್ಕೆ ಒಯ್ಯುವುದು ಬಿಳಿನೊಣ, ಊರಿಂದೂರಿಗೆ ಒಯ್ಯುವುದು ನಾವೇ. ಅಂಥ ಗಿಡದ ಕಡ್ಡಿಯನ್ನು ಪುಕ್ಕಟೆ ಕೊಟ್ಟರೂ ತರಬಾರದು.

ಹಿಟ್ಟು ತಿಗಣೆಯೂ ಕಡ್ಡಿಯ ಮೇಲೆ ಕುಳಿತು ಊರು ದಾಟುವ ಕೀಟ. ದಕ್ಷಿಣ ಅಮೆರಿಕ ಮೂಲದ ಒಂದು ಜಾತಿ 1970ರ ದಶಕದಲ್ಲಿ ಆಫ್ರಿಕಾದ ಮರಗೆಣಸನ್ನು ಹಾಳುಗೆಡವಿತ್ತು. ಅದೇ ಕೀಟ 2020ರಲ್ಲಿ ಕೇರಳದ ತ್ರಿಶ್ಶೂರಿನಲ್ಲಿ ಕಾಣಿಸಿಕೊಂಡಿತು. ಆಮೇಲೆ ನಮ್ಮ ಪಾಯಸದ ಸಬ್ಬಕ್ಕಿ ಬರುವ ಸೇಲಂ ಸೀಮೆಗೂ ಹಬ್ಬಿತು. ಅದು ಚಿಗುರಿನ ರಸ ಹೀರಿದರೆ ತುದಿಯೆಲೆಗಳು ಗೊಂಚಲುಗಟ್ಟಿ, ಗಿಡ ಗಿಡ್ಡವಾಗಿ ನಿಂತುಬಿಡುತ್ತದೆ. ಗಂಡಿನ ಹಂಗಿಲ್ಲದೆ ಹೆಣ್ಣುಗಳೇ ಸಂತಾನ ಬೆಳೆಸುತ್ತವೆ. ಮೈತುಂಬ ಮೇಣದ ಪುಡಿ ಇರುವುದರಿಂದ ಔಷಧಿ ತಾಗುವುದೂ ಕಷ್ಟ.

ಇದಕ್ಕೆ ಮದ್ದು ಹೊರಟದ್ದು ಬೆಂಗಳೂರಿನ ಹೆಬ್ಬಾಳದಿಂದ. ಅಲ್ಲಿನ ರಾಷ್ಟ್ರೀಯ ಕೃಷಿ ಕೀಟ ಸಂಪನ್ಮೂಲ ಬ್ಯೂರೋ 2021ರಲ್ಲಿ ಆಫ್ರಿಕಾದ ಬೆನಿನ್ ದೇಶದಿಂದ ‘ಅನಗೈರಸ್ ಲೋಪೆಜಿ’ ಎಂಬ ಕಣಜದ ಹುಳುವನ್ನು ತರಿಸಿತು. ಪರೀಕ್ಷಿಸಿ, ಸಾಕಿ, 2022ರಲ್ಲಿ ಸೇಲಂ ಸೀಮೆಯಲ್ಲಿ ಬಿಟ್ಟಿತು. ಎಳ್ಳಿನ ಕಾಳಿಗಿಂತ ಚಿಕ್ಕ ಜೀವ. ತಿಗಣೆಯ ಮೈಯೊಳಗೆ ಮೊಟ್ಟೆಯಿಡುತ್ತದೆ. ಮರಿಹುಳು ಅದನ್ನು ಒಳಗಿನಿಂದಲೇ ತಿಂದು ಬೆಳೆಯುತ್ತದೆ. ಇದೇ ಕಣಜದಿಂದ ಆಫ್ರಿಕಾದ ಬೆಳೆಯನ್ನು ಉಳಿಸಿದ್ದಕ್ಕೆ ಸ್ವಿಸ್ ಕೀಟವಿಜ್ಞಾನಿ ಹ್ಯಾನ್ಸ್ ಹೆರೆನ್ ಅವರಿಗೆ 1995ರಲ್ಲಿ ವಿಶ್ವ ಆಹಾರ ಪ್ರಶಸ್ತಿ ಸಂದಿತು.

ಕಣಜ ಬಿಟ್ಟ ಹೊಲದಲ್ಲಿ ಕಂಡಕಂಡ ಕೀಟನಾಶಕ ಹೊಡೆದರೆ ಕಣಜವೂ ಸಾಯುತ್ತದೆ. ಮೊದಲು ಎಲೆ ಮಗುಚಿ ನೋಡಿ. ಒಣಗಿ ಕಂದಾದ ತಿಗಣೆಯ ಬೆನ್ನಿನಲ್ಲಿ ಗುಂಡನೆಯ ತೂತು ಕಂಡರೆ, ಕಣಜ ಅದನ್ನು ಕೊರೆದುಕೊಂಡೇ ಹೊರಬಿದ್ದಿದೆ. ಸಿಂಪಡಣೆಯ ಪಂಪನ್ನು ಮನೆಗೆ ಒಯ್ಯಿರಿ.