ಕರೇರ್ ಅವರ ‘ಲ ರುವಾಯೋಮ್’: ಲೂಕನ ಜಾಡು ಹಿಡಿದು ಓದುವವರಿಗೆ

ಎಮ್ಯಾನುಯೆಲ್ ಕರೇರ್ 1957ರಲ್ಲಿ ಹುಟ್ಟಿದ ಫ್ರೆಂಚ್ ಲೇಖಕ. 2014ರಲ್ಲಿ ಬಂದ ಅವರ ‘ಲ ರುವಾಯೋಮ್’ನಲ್ಲಿ ಆತ್ಮಕಥೆ, ಇತಿಹಾಸ, ಕಲ್ಪನೆ ಮೂರೂ ಬೆರೆತಿವೆ. ಹೆಸರು ಸೂಚಿಸುವುದು ಯೇಸು ಹೇಳಿದ ದೇವರ ರಾಜ್ಯವನ್ನು.

ಮೊದಲ ಭಾಗ ಪೂರ್ತಿ ಕರೇರ್ ಅವರದೇ ಕಥೆ. 1990ರ ಸುಮಾರಿಗೆ ಅವರಿಗೆ ಬರೆಯಲು ಕೈ ಓಡುತ್ತಿರಲಿಲ್ಲ, ಸಂಸಾರದಲ್ಲೂ ನೆಮ್ಮದಿಯಿರಲಿಲ್ಲ. ಆಗ ಕ್ಯಾಥೊಲಿಕ್ ನಂಬಿಕೆ ಅವರನ್ನು ಗಟ್ಟಿಯಾಗಿ ಹಿಡಿದುಕೊಂಡಿತು. ದಿನಾ ಪೂಜೆಗೆ ಹೋಗುವುದು, ಯೇಸುವಿನ ಬದುಕನ್ನು ಹೇಳುವ ಬೈಬಲ್‌ನ ನಾಲ್ಕು ಸುವಾರ್ತೆಗಳಲ್ಲಿ ಒಂದಾದ ಯೋಹಾನನ ಸುವಾರ್ತೆಯ ವಚನಗಳ ಬಗ್ಗೆ ಬರೆದು ನೋಟ್‌ಬುಕ್ ತುಂಬಿಸುವುದು, ಹೀಗೆ ಮೂರು ವರ್ಷ ನಡೆಯಿತು. ಆಮೇಲೆ ನಂಬಿಕೆ ಹೋಯಿತು. ಎಷ್ಟೋ ವರ್ಷಗಳ ನಂತರ, ನಂಬದವರಾಗಿ, ಅವರು ಅದೇ ನೋಟ್‌ಬುಕ್‌ಗಳನ್ನು ಮತ್ತೆ ಬಿಚ್ಚುತ್ತಾರೆ. ಈ ಭಾಗದಲ್ಲಿ ‘ನಾನು, ನಾನು’ ಜಾಸ್ತಿ ಆಯಿತು ಅನಿಸಬಹುದು. ಆದರೂ ಬಿಟ್ಟು ಮುಂದೆ ಹೋಗಬೇಡಿ. ಇನ್ನೊಂದು ಸುವಾರ್ತೆಯನ್ನೂ ಅಪೊಸ್ತಲರ ಕೃತ್ಯಗಳನ್ನೂ ಬರೆದವನು ಎನ್ನಲಾಗುವ ಲೂಕನನ್ನು ಕರೇರ್ ಯಾಕೆ ಅಷ್ಟು ಹಚ್ಚಿಕೊಂಡರು ಎನ್ನುವುದಕ್ಕೆ ಉತ್ತರ ಇಲ್ಲೇ ಇದೆ.

ಎರಡನೇ ಭಾಗಕ್ಕೆ ಬರುವಾಗ ಬೈಬಲ್‌ನಲ್ಲಿ ಅಪೊಸ್ತಲರ ಕೃತ್ಯಗಳು 16ನೇ ಅಧ್ಯಾಯ ತೆಗೆಯಿರಿ. ಯೇಸುವಿನ ನಂತರ ಅವನ ಶಿಷ್ಯರು ಏನು ಮಾಡಿದರು ಎಂದು ಹೇಳುವ ಪುಸ್ತಕ ಅದು. ಊರೂರು ತಿರುಗಿ ಯೇಸುವಿನ ಬಗ್ಗೆ ಸಾರುತ್ತಿದ್ದ ಪೌಲ ಮತ್ತು ಜೊತೆಯವರು ತ್ರೋವ ಎಂಬ ಬಂದರಿಗೆ ಬರುತ್ತಾರೆ. ಅಲ್ಲಿಯವರೆಗೆ ನಿರೂಪಣೆಯಲ್ಲಿ ‘ಅವರು’ ಅಂತಲೇ ಇದೆ. ಸಮುದ್ರದಾಚೆಯ ಮಕೆದೋನ್ಯಕ್ಕೆ ಬಂದು ಸಹಾಯ ಮಾಡು ಎಂದು ಒಬ್ಬ ಕರೆಯುವುದು ರಾತ್ರಿ ಪೌಲನಿಗೆ ಕಾಣಿಸುತ್ತದೆ. ಮರುವಚನ, ಅಂದರೆ 10ನೆಯದರಲ್ಲಿ, ಸದ್ದಿಲ್ಲದೆ ‘ನಾವು’ ಬಂದುಬಿಡುತ್ತದೆ. ಯಾರು ಈ ‘ನಾವು’? ಯಾರದೋ ಪ್ರವಾಸದ ದಿನಚರಿಯಿಂದ ಬಂದದ್ದು ಎನ್ನುವ ವಿದ್ವಾಂಸರಿದ್ದಾರೆ, ಬರವಣಿಗೆಯ ಒಂದು ರೂಢಿ ಎನ್ನುವವರೂ ಇದ್ದಾರೆ. ಕರೇರ್ ಮಾತ್ರ ಇದನ್ನು ಲೂಕನೇ ಕಥೆಯೊಳಗೆ ಕಾಲಿಟ್ಟ ಜಾಗ ಎಂದು ಓದುತ್ತಾರೆ. ಅವರ ಲೂಕ ಮಕೆದೋನ್ಯದ ವೈದ್ಯ, ಓದಿಕೊಂಡವನು, ಯೆಹೂದ್ಯನಲ್ಲ. ಪೌಲನ ಬೆಂಕಿಯಂಥ ಮಾತಿಗೆ ಮರುಳಾದರೂ ಎಲ್ಲವನ್ನೂ ಬರಹಗಾರನ ಕಣ್ಣಿನಿಂದ ನೋಡುವವನು. ಇದು ಕರೇರ್ ಅವರ ಚಿತ್ರವೇ ಅಲ್ವಾ?

ನನಗೆ ತುಂಬ ಹಿಡಿಸಿದ್ದು ‘ವಿಚಾರಣೆ’ ಎಂಬ ಮೂರನೇ ಭಾಗ. ಪೌಲ ಯೂದಾಯದ ಕೈಸರೈಯ ಪಟ್ಟಣದಲ್ಲಿ ಎರಡು ವರ್ಷ ಸೆರೆಯಲ್ಲಿದ್ದ ಎಂದು ಕೃತ್ಯಗಳು 24:27 ಹೇಳುತ್ತದೆ. ಆ ಎರಡು ವರ್ಷ ಲೂಕ ಏನು ಮಾಡಿದ ಎನ್ನುವುದಕ್ಕೆ ದಾಖಲೆ ಇಲ್ಲ. ಯೂದಾಯದಲ್ಲಿ ತಿರುಗಾಡಿ, ಯೇಸುವನ್ನು ಕಂಡವರನ್ನು ಮಾತಾಡಿಸಿದ ಎಂದು ಕರೇರ್ ಕಲ್ಪಿಸಿಕೊಳ್ಳುತ್ತಾರೆ. ಇದು ನನ್ನ ಕಲ್ಪನೆ ಎಂದು ಓದುಗರಿಗೆ ಹೇಳಿಯೇ ಮುಂದೆ ಹೋಗುತ್ತಾರೆ. ಈ ಪ್ರಾಮಾಣಿಕತೆಗೇ ನಾನು ಸೋತೆ. ಹಾಗಂತ ಸುಮ್ನೆ ಕಟ್ಟಿದ ಕಥೆಯೂ ಅಲ್ಲ. ಎಲ್ಲವನ್ನೂ ಮೊದಲಿಂದ ವಿಚಾರಿಸಿ ಬರೆದಿದ್ದೇನೆ ಎಂದು ಲೂಕನ ಸುವಾರ್ತೆಯ ಮೊದಲ ನಾಲ್ಕು ವಚನಗಳೇ, ಅದನ್ನು ಯಾರಿಗಾಗಿ ಬರೆದನೋ ಆ ಥೆಯೊಫಿಲನಿಗೆ ಹೇಳುತ್ತವೆ. ಮನೆ ಬಿಟ್ಟು ಹೋಗಿ ಮರಳಿದ ಮಗನ ಕಥೆ, ಮರ ಹತ್ತಿದ ಜಕ್ಕಾಯನ ಕಥೆ ನಾಲ್ಕು ಸುವಾರ್ತೆಗಳಲ್ಲಿ ಲೂಕನಲ್ಲಿ ಮಾತ್ರ ಸಿಗುತ್ತವೆ. ಇವನ್ನು ಅವನಿಗೆ ಯಾರೋ ಹೇಳಿರಬೇಕು, ಇಲ್ಲವೇ ಅವನೇ ಬರೆದಿರಬೇಕು. ಕರೇರ್ ಕೆದಕುವುದು ಇದನ್ನೇ.

ಕೊನೆಯಲ್ಲಿ ಅವರು ಬುದ್ಧಿಮಾಂದ್ಯರ ಜೊತೆ ಬಾಳುವ ‘ಲಾರ್ಶ್’ ಸಮುದಾಯಕ್ಕೆ ಹೋಗಿ ಪಾದ ತೊಳೆಯುವ ಆಚರಣೆಯಲ್ಲಿ ಸೇರಿಕೊಳ್ಳುತ್ತಾರೆ. ಇದಕ್ಕೆ ಯೇಸು ಶಿಷ್ಯರ ಪಾದ ತೊಳೆಯುವ ಯೋಹಾನ 13 ಓದಿಕೊಳ್ಳಿ. ಲಾರ್ಶ್ ಸ್ಥಾಪಕ ಜ್ಯಾನ್ ವಾನಿಯೆ ಮಹಿಳೆಯರ ಮೇಲೆ ದೌರ್ಜನ್ಯ ಎಸಗಿದ್ದು 2020ರಲ್ಲಿ ಆ ಸಂಸ್ಥೆಯ ವರದಿಯಿಂದಲೇ ಹೊರಬಂತು. ಪುಸ್ತಕ ಬಂದಾಗ ಇದು ಬೆಳಕಿಗೆ ಬಂದಿರಲಿಲ್ಲ, ಈಗ ಓದುವವರು ಮರೆಯುವಂತಿಲ್ಲ.

ಎರಡನೇ ಭಾಗ ಶುರುಮಾಡುವ ಮೊದಲು ಕನ್ನಡ ಬೈಬಲ್‌ನಲ್ಲಿ ಕೃತ್ಯಗಳು 16ರಿಂದ 28ರವರೆಗೆ ಒಂದೇ ಸಲ ಓದಿಬಿಡಿ. ‘ನಾವು’ ಎಲ್ಲಿ ಬರುತ್ತದೆ, ಎಲ್ಲಿ ಮಾಯವಾಗುತ್ತದೆ ಎಂದು ಪೆನ್ಸಿಲ್‌ನಲ್ಲಿ ಗುರುತು ಹಾಕಿಕೊಳ್ಳಿ. ಕರೇರ್ ಎಲ್ಲಿ ದಾಖಲೆ ಬಿಟ್ಟು ಕಲ್ಪನೆಗೆ ಹೊರಳಿದರು ಎಂದು ಪತ್ತೆಹಚ್ಚಲು ಆ ಗುರುತುಗಳು ಸಾಕು.