ಅಡೆನೋಸಿನ್: ಕಾಫಿ ಕುಡಿದಾಗ ಹೃದಯದಲ್ಲಿ ನಡೆಯುವುದೇನು?

ಕಾಫಿ, ಹೃದಯ ಎಂದ ಕೂಡಲೇ ಎಲ್ಲರೂ ಕೆಫೀನ್ ಬಗ್ಗೆ ಮಾತಾಡುತ್ತಾರೆ. ಅಡೆನೋಸಿನ್ ಹೆಸರು ಯಾರ ಬಾಯಲ್ಲೂ ಬರುವುದಿಲ್ಲ. ಅದು ಗೊತ್ತಿಲ್ಲದಿದ್ದರೆ ಕೆಫೀನ್ ಕೆಲಸವೂ ಅರ್ಥವಾಗುವುದಿಲ್ಲ.

ಅಡೆನೋಸಿನ್ ನಮ್ಮ ಮೈಯಲ್ಲೇ ತಯಾರಾಗುತ್ತದೆ. ಜೀವಕೋಶಗಳು ಶಕ್ತಿಗಾಗಿ ಎಟಿಪಿ ಎಂಬ ವಸ್ತುವನ್ನು ಬಳಸುತ್ತವೆ. ಅದು ಒಡೆದಾಗ ಅಡೆನೋಸಿನ್ ಸಿಗುತ್ತದೆ. ನಾವು ಎಚ್ಚರವಿದ್ದಷ್ಟು ಹೊತ್ತೂ ಮೆದುಳಿನಲ್ಲಿ ಇದು ಜಾಸ್ತಿಯಾಗುತ್ತಾ ಹೋಗಿ ನಿದ್ದೆ ತರಿಸುತ್ತದೆ. ಹೃದಯದಲ್ಲಿ ಬಡಿತವನ್ನು ನಿಧಾನ ಮಾಡುತ್ತದೆ, ಹೃದಯಕ್ಕೆ ರಕ್ತ ಒಯ್ಯುವ ನಾಳಗಳನ್ನು ಹಿಗ್ಗಿಸುತ್ತದೆ. ಡ್ರೂರಿ ಮತ್ತು ಸೆಂಟ್-ಗ್ಯೋರ್ಗಿ ಎಂಬ ವಿಜ್ಞಾನಿಗಳು ಇದನ್ನು 1929ರಲ್ಲೇ ವಿವರಿಸಿದ್ದರು.

ಇದರ ಬಲ ಕಾಣುವುದು ಆಸ್ಪತ್ರೆಯ ತುರ್ತು ವಿಭಾಗದಲ್ಲಿ. ಎಸ್‌ವಿಟಿ ಎಂಬ ತೊಂದರೆ ಬಂದರೆ ಹೃದಯ ಇದ್ದಕ್ಕಿದ್ದಂತೆ ನಿಮಿಷಕ್ಕೆ 150ರಿಂದ 200 ಸಲ ಬಡಿಯತೊಡಗುತ್ತದೆ. ಆಗ ಸಾಮಾನ್ಯವಾಗಿ 6 ಮಿಲಿಗ್ರಾಂ ಅಡೆನೋಸಿನ್ ಅನ್ನು ರಕ್ತನಾಳಕ್ಕೆ ಸರ್ರನೆ ಚುಚ್ಚಿ, ಹಿಂದೆಯೇ ಸಲೈನ್ ತಳ್ಳುತ್ತಾರೆ. ರೋಗಿಗೆ ಎದೆ ಹಿಂಡಿದಂತಾಗುತ್ತದೆ, ಮುಖ ಬಿಸಿಯಾಗುತ್ತದೆ. ಮಾನಿಟರ್ ಗೆರೆ ಕೆಲವು ಸೆಕೆಂಡು ಚಪ್ಪಟೆ. ಬಹಳ ಸಲ ಅಷ್ಟಕ್ಕೇ ಬಡಿತ ಸರಿಹೋಗುತ್ತದೆ.

ಈಗ ಕೆಫೀನ್ ಕಡೆಗೆ ಬರೋಣ. ಅದರ ಆಕಾರ ಸ್ವಲ್ಪಮಟ್ಟಿಗೆ ಅಡೆನೋಸಿನ್ ಥರವೇ ಇದೆ. ಹಾಗಾಗಿ ಜೀವಕೋಶಗಳ ಮೇಲೆ ಅಡೆನೋಸಿನ್ ಕೂರಬೇಕಾದ ಸೀಟಿನಲ್ಲಿ ತಾನು ಹೋಗಿ ಕೂತುಬಿಡುತ್ತದೆ, ಆದರೆ ಅದರ ಕೆಲಸ ಮಾಡುವುದಿಲ್ಲ. ಅಂದರೆ ಕೆಫೀನ್ ಮುಖ್ಯವಾಗಿ ಮಾಡುವುದು ಹೃದಯವನ್ನು ಓಡಿಸುವುದಲ್ಲ, ನಿಧಾನ ಮಾಡುವವನನ್ನು ತಡೆಯುವುದು. ಹೃದಯಕ್ಕೆ ರಕ್ತ ಸರಿಯಾಗಿ ಹರಿಯುತ್ತಿದೆಯೇ ಎಂದು ನೋಡಲು ಅಡೆನೋಸಿನ್ ಕೊಟ್ಟು ಮಾಡುವ ಸ್ಟ್ರೆಸ್ ಟೆಸ್ಟ್‌ಗೆ ಮೊದಲು 12ರಿಂದ 24 ಗಂಟೆ ಕಾಫಿ, ಟೀ ಮುಟ್ಟಬೇಡಿ ಅನ್ನುವುದು ಇದಕ್ಕೇ. ಸುಮ್ನೆ ಹೇಳುವ ಮಾತಲ್ಲ, ದಯವಿಟ್ಟು ಪಾಲಿಸಿ. ಇಲ್ಲದಿದ್ದರೆ ಟೆಸ್ಟ್ ಫಲಿತಾಂಶವೇ ತಪ್ಪಾಗಬಹುದು.

ಹಾಗಾದರೆ ದಿನಾ ಕಾಫಿ ಕುಡಿಯುವವರ ಗತಿ? ಹೆದರುವಂಥದ್ದು ಕಡಿಮೆ. ರೂಢಿ ಇಲ್ಲದವರಿಗೆ ಬಿಪಿ ಸ್ವಲ್ಪ ಹೊತ್ತು ಏರುತ್ತದೆ. ದಿನವೂ ಕುಡಿಯುವವರ ಮೈ ಬಹುಮಟ್ಟಿಗೆ ಅದಕ್ಕೆ ಹೊಂದಿಕೊಂಡಿರುತ್ತದೆ. 100 ಆರೋಗ್ಯವಂತರ ಮೇಲೆ ನಡೆದು 2023ರಲ್ಲಿ ಪ್ರಕಟವಾದ ಅಮೆರಿಕದ ಅಧ್ಯಯನವೊಂದು ನನಗೆ ತುಂಬ ಮುಖ್ಯ ಅನಿಸುತ್ತದೆ. ಕಾಫಿ ಕುಡಿದ ದಿನಗಳಲ್ಲಿ ಹೃದಯದ ಮೇಲಿನ ಕೋಣೆಗಳ ಅಡ್ಡ ಬಡಿತ (ಹೊತ್ತಿಗೆ ಮುಂಚೆಯೇ ನಡುವೆ ಬರುವ ಬಡಿತ) ಗಮನಾರ್ಹವಾಗಿ ಹೆಚ್ಚಲಿಲ್ಲ. ಕೆಳಗಿನ ಕೋಣೆಗಳದ್ದು ಹೆಚ್ಚಿತು. ಜನ ಜಾಸ್ತಿ ನಡೆದರು, ಆದರೆ ರಾತ್ರಿ ನಿದ್ದೆ ಸುಮಾರು ಅರ್ಧ ಗಂಟೆ ಕಡಿಮೆಯಾಯಿತು. ನಿದ್ದೆಗೆಟ್ಟರೆ ಹೃದಯಕ್ಕೂ ತೊಂದರೆ ಅಲ್ವಾ? ಕಾಫಿಯ ಲೆಕ್ಕ ಹಾಕುವಾಗ ನಾವು ಮರೆಯುವುದು ಇದನ್ನೇ.

ಆರೋಗ್ಯವಂತ ವಯಸ್ಕರಿಗೆ ದಿನಕ್ಕೆ 400 ಮಿಲಿಗ್ರಾಂ ಕೆಫೀನ್‌ವರೆಗೆ ತೊಂದರೆಯಿಲ್ಲ ಎನ್ನುತ್ತಾರೆ. ಗರ್ಭಿಣಿಯರಿಗೆ 200. ಕುಡಿದ ಕೆಫೀನ್‌ನಲ್ಲಿ ಅರ್ಧ ಕರಗಲು ಸುಮಾರು 5 ಗಂಟೆ ಬೇಕು. ಗರ್ಭಿಣಿಯರಲ್ಲಿ, ಗರ್ಭನಿರೋಧಕ ಮಾತ್ರೆ ನುಂಗುವವರಲ್ಲಿ ಇನ್ನೂ ತಡ. ಸಿಗರೇಟು ಸೇದುವವರಲ್ಲಿ ಬೇಗ. ಒಬ್ಬರಿಗೆ ಸಂಜೆಯ ಕಾಫಿ ಒಗ್ಗಿ, ಇನ್ನೊಬ್ಬರಿಗೆ ಒಗ್ಗದೆ ಇರಲು ಇಂಥ ವ್ಯತ್ಯಾಸಗಳೂ ಕಾರಣ.

ಕಾಫಿಯಿಂದ ಕೊಲೆಸ್ಟ್ರಾಲ್ ಏರುತ್ತದೆ ಅನ್ನುವ ಮಾತೂ ಇದೆ, ಅದಕ್ಕೆ ಅಡೆನೋಸಿನ್ ಸಂಬಂಧವಿಲ್ಲ. ಪುಡಿ ಹಾಕಿ ಕುದಿಸಿ, ಪೇಪರ್ ಫಿಲ್ಟರ್ ಇಲ್ಲದೆ ಮಾಡಿದ ಕಾಫಿಯಲ್ಲಿ ಕೆಫೆಸ್ಟಾಲ್ ಎಂಬ ಎಣ್ಣೆಯಂಥ ಅಂಶ ಉಳಿದು ಎಲ್‌ಡಿಎಲ್ ಎಂಬ ಕೆಟ್ಟ ಕೊಲೆಸ್ಟ್ರಾಲ್ ಏರಿಸುತ್ತದೆ. ಕಾಗದದಲ್ಲಿ ಸೋಸಿದರೆ ಬಹುಪಾಲು ಅಲ್ಲೇ ನಿಲ್ಲುತ್ತದೆ.

ಕಾಫಿ ಕುಡಿದ ಮೇಲೆ ಎದೆ ಡವಡವ ಎಂದರೆ ಮೊದಲು ಪ್ರಮಾಣ ಇಳಿಸಿ ನೋಡಿ. ಜೊತೆಗೆ ಎದೆನೋವು, ತಲೆಸುತ್ತು ಅಥವಾ ಪ್ರಜ್ಞೆ ತಪ್ಪುವುದು ಇದ್ದರೆ ಕಾಫಿಯನ್ನು ದೂರುತ್ತಾ ಕೂರಬೇಡಿ, ತಕ್ಷಣ ಆಸ್ಪತ್ರೆಗೆ ಹೋಗಿ ಇಸಿಜಿ ಮಾಡಿಸಿ.